ಮುಖವೂ ಫಲಕವೂ

ಅಭಿನಯವು ನಾಲ್ಕು ವಿಧವೆಂದು ಭರತಮುನಿಯು ವಿಭಾಗಿಸಿರುವನು. ಅಂಗಾಂಗಗಳ ಚಲನದಿಂದ ಆಗತಕ್ಕದ್ದು ಆಂಗಿಕ. ಮಾತಿನಿಂದ ಆಗತಕ್ಕದ್ದು ವಾಚಿಕ. ವೇಷಭೂಷಣಗಳಿಂದ ಆಗತಕ್ಕದ್ದು ಆಹಾರ್ಯ. ಮನಸ್ಸು ಒಂದೆಡೆ ನಿಂತು ಕರಗಿದಾಗ ಮೈಮೇಲೆ ತಾನಾಗಿ ತೋರಿಕೊಳ್ಳತಕ್ಕದ್ದು ಸಾತ್ತ್ವಿಕ. ಪಾಠಶಾಲೆಯಲ್ಲಿ ಇದನ್ನು ಕಂಠಪಾಠ ಮಾಡಿದ ದಿನಗಳಲ್ಲಿ, ಈ ನಾಲ್ಕರಿಂದ ವಾಚಿಕವೊಂದನ್ನು ತೆಗೆದುಹಾಕಿದರೆ ನಾಟ್ಯವು ಉಳಿದೀತೇ ಎಂಬ ಪ್ರಶ್ನೆಯನ್ನು ನಮ್ಮಲ್ಲಿ ಯಾರೂ ಎತ್ತಲಿಲ್ಲ. ಎತ್ತಿದ್ದರೆ ಗುರುಗಳು ಅದನ್ನು ತುಂಟತನವೆಂದೇ ಎಣಿಸುತ್ತಿದ್ದರು. ಆದರೆ ಆ ಪ್ರಶ್ನೆಗೆ ಉತ್ತರವನ್ನು ಲೋಕವು ನಾವು ಹುಟ್ಟುವುದಕ್ಕೆ ಬಹಳ ಮುಂಚೆಯೇ ಕೊಟ್ಟು ಮುಗಿಸಿತ್ತು. 1895ರಿಂದ ಮೊದಲುಗೊಂಡು ಮೂವತ್ತು ವರ್ಷಗಳಿಗೂ ಮಿಗಿಲಾಗಿ ಬೆಳ್ಳಿತೆರೆಯ ಮೇಲೆ ಓಡಿದ ಚಿತ್ರಗಳು ಹೆಚ್ಚುಕಡಿಮೆ ಎಲ್ಲವೂ ಮೂಕಚಿತ್ರಗಳೇ.

ಅವುಗಳಲ್ಲಿ ವಾಚಿಕವು ಸಂಪೂರ್ಣವಾಗಿ ಇಲ್ಲವೆಂದು ಹೇಳಲಾಗದು. ಆಗಾಗ ಚಿತ್ರವು ಮರೆಯಾಗಿ, ಕರಿಯ ಹಲಗೆಯಂತಹುದೊಂದು ತೋರಿ, ಅದರ ಮೇಲೆ ಬಿಳಿಯ ಅಕ್ಷರಗಳಲ್ಲಿ ಎರಡು ಮೂರು ಸಾಲುಗಳು ಕಾಣಿಸಿಕೊಳ್ಳುವುವು. ಇದನ್ನು ನಾನು ಫಲಕವೆಂದು ಕರೆಯುವೆನು. ಯಾರು ಯಾರಿಗೆ ಏನೆಂದರು, ಇದು ಯಾವ ಊರು, ಇವನು ಯಾವ ಕುಲದವನು ಎಂಬುದೆಲ್ಲ ಆ ಫಲಕದಿಂದಲೇ ತಿಳಿಯತಕ್ಕದ್ದು. ಅದು ಸರಿದೊಡನೆ ಮತ್ತೆ ಮುಖವು ಬರುವುದು. ಶಾಸ್ತ್ರದಲ್ಲಿ ಹೇಳಿದ ಎಂಟು ಸಾತ್ತ್ವಿಕ ಭಾವಗಳಲ್ಲಿ ಸ್ವರಭೇದವು ಈ ಕಲೆಗೆ ಎಟುಕದು. ವೈವರ್ಣ್ಯವು ಕಪ್ಪುಬಿಳುಪಿನಲ್ಲಿ ಅರೆಪಾಲು ಮಾತ್ರ ದಕ್ಕುವುದು. ಸ್ತಂಭ, ಕಂಪ, ಅಶ್ರು ಮೊದಲಾದ ಉಳಿದವು ಯಥೇಷ್ಟವಾಗಿ ಉಂಟು. ಮುಖವನ್ನು ಗೋಡೆಯಷ್ಟು ದೊಡ್ಡದಾಗಿ ತೋರಿಸುವ ಉಪಾಯವು ನಮ್ಮ ರಂಗಭೂಮಿಗೆ ಎಂದೂ ಇರಲಿಲ್ಲವಾದ ಕಾರಣ, ಕಣ್ಣಿನ ಅಂಚಿನಲ್ಲಿ ನಿಂತ ಒಂದು ಹನಿಯೂ ಇಲ್ಲಿ ವ್ಯರ್ಥವಾಗುವುದಿಲ್ಲ.

ದೇಶಕುಲಗಳ ಎಲ್ಲೆಯನ್ನು ದಾಟಿದ ಪ್ರಣಯವನ್ನು ವಸ್ತುವಾಗಿ ಉಳ್ಳ ಕೆಲವು ಮೂಕಚಿತ್ರಗಳನ್ನು ಕಳೆದ ಚಾತುರ್ಮಾಸ್ಯದಲ್ಲಿ ನೋಡಿದೆನು. ಹಿಂದೆ ಪಟ್ಟಣದ ಚಿತ್ರಮಂದಿರಗಳಿಗೂ ಬಾರದೆ ಹೋದಂಥವು ಈಗ ಮನೆಯ ಗಣಕಯಂತ್ರದಲ್ಲಿಯೇ ಯಾರಿಗೂ ದೊರೆಯುತ್ತವೆ. ಒಂದಾದ ಮೇಲೊಂದನ್ನು ನೋಡುತ್ತಿದ್ದಂತೆ ನನಗೆ ತೋರಿದ್ದಿಷ್ಟು. ಈ ಕಥೆಗಳಲ್ಲಿ ಪ್ರಣಯವು ಇರುವುದು ಮುಖದಲ್ಲಿ. ನಿಷೇಧವು ಇರುವುದು ಫಲಕದಲ್ಲಿ. ಒಂದನ್ನೊಂದು ಅವು ಒಪ್ಪುವುದಿಲ್ಲ.

1915ರಲ್ಲಿ ಸೆಸಿಲ್ ಬಿ. ಡಿಮಿಲ್ ಎಂಬುವನು ‘ದಿ ಚೀಟ್’ ಎಂಬ ಚಿತ್ರವನ್ನು ತೆಗೆದನು. ಈಡಿತ್ ಎಂಬ ಬಿಳಿಯ ಗೃಹಿಣಿಯು ರೆಡ್‌ಕ್ರಾಸ್ ಧರ್ಮನಿಧಿಯ ಹತ್ತು ಸಾವಿರ ಡಾಲರುಗಳನ್ನು ಲಾಭದ ಆಸೆಯಿಂದ ಹೂಡಿ ಕಳೆದುಕೊಳ್ಳುವಳು. ಜಪಾನಿನ ಶ್ರೀಮಂತ ವರ್ತಕನಾದ ತೋರಿಯು ಆ ಹಣವನ್ನು ಕೊಡುವನು, ಆದರೆ ಅವಳನ್ನೇ ಒತ್ತೆಯಾಗಿ ಕೇಳಿ. ಅವಳು ಹಣವನ್ನು ಹಿಂದಿರುಗಿಸಲು ಬಂದಾಗ ಅವನು ಒಪ್ಪದೆ, ತನ್ನ ದಂತದ ವಸ್ತುಗಳಿಗೆ ಗುರುತು ಒತ್ತುವ ಕಾದ ಮುದ್ರೆಯನ್ನು ಅವಳ ಭುಜಕ್ಕೆ ಒತ್ತಿಬಿಡುವನು. ಮುಂದೆ ಗುಂಡು, ನ್ಯಾಯಸ್ಥಾನ, ರೊಚ್ಚಿಗೆದ್ದ ಜನ. ಇದನ್ನು ಪ್ರಣಯವೆಂದು ಕರೆಯುವುದು ಸಲ್ಲದು. ಆದರೂ ತೋರಿಯಾಗಿ ನಟಿಸಿದ ಸೆಸ್ಸ್ಯೂ ಹಯಕಾವನ ಮುಖವನ್ನು ನೋಡತಕ್ಕದ್ದು. ಆ ಕಾಲದ ಬಿಳಿಯ ನಟರು ಕೈಬೀಸಿ, ಕಣ್ಣರಳಿಸಿ, ಎದೆ ಬಡಿದುಕೊಂಡು ತೋರಿಸುವುದನ್ನು ಈತನು ರೆಪ್ಪೆಯನ್ನು ಒಂದಿಷ್ಟು ಇಳಿಸಿ ತೋರಿಸುವನು. ಖಳನೆಂದು ಫಲಕವು ಸಾರುತ್ತಿದ್ದರೂ ಅಮೆರಿಕೆಯ ಹೆಂಗಸರು ಅವನನ್ನು ನೋಡಲು ಮುಗಿಬಿದ್ದರೆಂಬುದು ಪ್ರಸಿದ್ಧವಾಗಿದೆ.

ನನ್ನನ್ನು ಬೆರಗುಗೊಳಿಸಿದ ಸಂಗತಿಯು ಬೇರೆ. ಅಮೆರಿಕೆಯಲ್ಲಿ ನೆಲಸಿದ್ದ ಜಪಾನೀಯರು ಈ ಚಿತ್ರವನ್ನು ಪ್ರತಿಭಟಿಸಿದರು. ಅಷ್ಟರಲ್ಲಿ ಮೊದಲನೆಯ ಲೋಕಮಹಾಯುದ್ಧದಲ್ಲಿ ಜಪಾನು ಮಿತ್ರಪಕ್ಷಕ್ಕೆ ಸೇರಿತ್ತು. ಆದಕಾರಣ 1918ರಲ್ಲಿ ಚಿತ್ರವನ್ನು ಪುನಃ ಹೊರತಂದಾಗ ಫಲಕಗಳನ್ನು ಮಾತ್ರ ಬದಲಿಸಿದರು. ಜಪಾನಿನ ತೋರಿಯು ಬರ್ಮಾದೇಶದ ದಂತವ್ಯಾಪಾರಿ ಹಕಾ ಅರಕಾವ್ ಆದನು. ಮುಖವು ಅದೇ, ಮನೆಯು ಅದೇ, ಉಡುಪು ಅದೇ, ಮುದ್ರೆಯೂ ಅದೇ. ಒಬ್ಬ ಮನುಷ್ಯನ ದೇಶ, ಕುಲ, ನಾಮಧೇಯಗಳೆಲ್ಲ ಕೆಲವು ಸಾಲುಗಳ ಅಕ್ಷರವನ್ನು ಬದಲಿಸಿದ ಮಾತ್ರಕ್ಕೆ ಬದಲಾದುವು. ಬರ್ಮಾದವರು ಆಕ್ಷೇಪಿಸಲಿಲ್ಲವೇ ಎಂದು ವಾಚಕರು ಕೇಳಬಹುದು. ಆಂಗ್ಲೇಯರ ಆಳ್ವಿಕೆಯಲ್ಲಿದ್ದ ದೇಶದ ಆಕ್ಷೇಪವನ್ನು ಕೇಳತಕ್ಕವರು ಆಗ ಯಾರಿದ್ದರು? ಹಯಕಾವನು ಅದೇ ವರ್ಷ ತನ್ನದೇ ಆದ ಚಿತ್ರಸಂಸ್ಥೆಯನ್ನು ಕಟ್ಟಿಕೊಂಡು, ಪೂರ್ವದೇಶದವನು ಮನುಷ್ಯನಾಗಿ ತೋರುವ ಕಥೆಗಳನ್ನು ತೆಗೆಯಲು ಹೊರಟನು.

ನಮ್ಮ ಧರ್ಮಶಾಸ್ತ್ರಗಳಲ್ಲಿ ಅನುಲೋಮ ಪ್ರತಿಲೋಮಗಳೆಂಬ ಎರಡು ಪದಗಳುಂಟು. ಉಚ್ಚಕುಲದ ಗಂಡು ಕೆಳಗಿನ ಕುಲದ ಹೆಣ್ಣನ್ನು ಪರಿಗ್ರಹಿಸಿದರೆ ಅನುಲೋಮ, ಅದು ಹೇಗೋ ಸಹ್ಯ. ಉಚ್ಚಕುಲದ ಹೆಣ್ಣು ಕೆಳಗಿನವನ ಕೈಹಿಡಿದರೆ ಪ್ರತಿಲೋಮ, ಅದು ಘೋರ. ಶೂದ್ರನಿಗೆ ಬ್ರಾಹ್ಮಣಿಯಲ್ಲಿ ಹುಟ್ಟಿದ ಮಗುವಿಗೆ ಮನುವು ಎಂತಹ ಹೆಸರನ್ನು ಇಟ್ಟನೆಂಬುದನ್ನು ಬಲ್ಲವರು ಬಲ್ಲರು. ಈ ಎರಡು ಪದಗಳನ್ನು ಕೇಳಿಯೂ ಅರಿಯದ ಅಮೆರಿಕೆಯ ಚಿತ್ರಕಾರರು ಇವನ್ನು ಅಕ್ಷರಶಃ ಪಾಲಿಸಿರುವುದನ್ನು ಕಂಡು ನಾನು ಚಕಿತನಾದೆನು. ಡಿಮಿಲ್ಲನೇ 1914ರಲ್ಲಿ ಇನ್ನೊಬ್ಬನೊಡನೆ ಕೂಡಿ ತೆಗೆದ ‘ದಿ ಸ್ಕ್ವಾ ಮ್ಯಾನ್’ ಎಂಬುದರಲ್ಲಿ ಆಂಗ್ಲ ಕುಲೀನನೊಬ್ಬನು ಅಮೆರಿಕೆಯ ಮೂಲನಿವಾಸಿಗಳ ಹೆಣ್ಣನ್ನು ಮದುವೆಯಾಗುವನು. ಅನುಲೋಮವಾದುದರಿಂದ ಮದುವೆಗೂ ಮಗುವಿಗೂ ಅವಕಾಶವುಂಟು. ಆದರೆ ಕಡೆಯಲ್ಲಿ ಅವಳು ಪ್ರಾಣವನ್ನು ನೀಗಿಕೊಳ್ಳಲೇಬೇಕು. ಆ ಪಾತ್ರವನ್ನು ವಹಿಸಿದ ರೆಡ್ ವಿಂಗ್ ಎಂಬಾಕೆಯು ನಿಜವಾಗಿಯೂ ವಿನ್ನೆಬೇಗೋ ಜನಾಂಗದವಳು. ಡಿಮಿಲ್ಲನು ಈ ಕಥೆಯನ್ನು 1918ರಲ್ಲಿ ಮತ್ತೊಮ್ಮೆ, 1931ರಲ್ಲಿ ಮಾತಿನೊಡನೆ ಇನ್ನೊಮ್ಮೆ ತೆಗೆದನು. ಮೂರು ಸಲವೂ ಅವಳು ಸತ್ತಳು.

ಪ್ರತಿಲೋಮದ ಗತಿಯು ಇದಕ್ಕಿಂತ ವಿಚಿತ್ರ. 1921ರ ‘ದಿ ಶೇಖ್’ ಎಂಬ ಚಿತ್ರದಲ್ಲಿ ಅರಬ್ಬೀ ಮರುಭೂಮಿಯ ನಾಯಕ ಅಹಮದನು ಡಯಾನಾ ಎಂಬ ಆಂಗ್ಲ ಕನ್ಯೆಯನ್ನು ಹೊತ್ತೊಯ್ಯುವನು. ಮೊದಲು ರಾಕ್ಷಸವಿವಾಹದ ಆರಂಭ, ಬರಬರುತ್ತ ಗಾಂಧರ್ವದ ಲಕ್ಷಣ. ಅಹಮದನಾಗಿ ನಟಿಸಿದ ರುಡಾಲ್ಫ್ ವ್ಯಾಲೆಂಟಿನೋ ಇಟಲಿಯಲ್ಲಿ ಹುಟ್ಟಿದವನು. ಕಥೆಯು ತುದಿಗೆ ಬಂದು, ಗಾಯಗೊಂಡು ಮಲಗಿದವನ ಕೈಯನ್ನು ಡಯಾನಾ ಹಿಡಿದುಕೊಂಡು, ಅರಬ್ಬನಿಗೆ ಇಷ್ಟು ದೊಡ್ಡ ಕೈ ಹೇಗೆ ಬಂದಿತೆಂದು ವಿಸ್ಮಯಪಡುವಳು. ಆಗ ಬಳಿಯಲ್ಲಿದ್ದ ಮಿತ್ರನು ಅವನು ಅರಬ್ಬನೇ ಅಲ್ಲವೆಂದೂ, ತಂದೆಯು ಆಂಗ್ಲೇಯನು, ತಾಯಿಯು ಸ್ಪೇನ್ ದೇಶದವಳೆಂದೂ ತಿಳಿಸುವನು. ಅಲ್ಲಿಗೆ ತೊಡಕು ಮುಗಿಯಿತು! ಒಂದೂವರೆ ತಾಸಿನ ನಿಷಿದ್ಧವು ಒಂದು ಫಲಕದಿಂದ ವಿಹಿತವಾಯಿತು. ನಾನು ನೋಡಿದ ಚಿತ್ರಗಳೆಲ್ಲದರಲ್ಲಿ ಈ ಮುಕ್ತಾಯವೇ ನನಗೆ ಅತ್ಯಂತ ಹೇಯವಾಗಿ ಕಂಡಿತು. ಉಳಿದವುಗಳಲ್ಲಿ ಪ್ರೇಮವನ್ನು ಕೊಲ್ಲುವರು. ಇದರಲ್ಲಿ ಪ್ರೇಮಿಸಿದವನನ್ನೇ ಅಳಿಸಿ, ಅವನ ಹಾಸಿಗೆಯಲ್ಲಿ ಇನ್ನೊಬ್ಬನನ್ನು ಮಲಗಿಸುವರು.

ಡೇವಿಡ್ ಗ್ರಿಫಿತ್ತನು 1919ರಲ್ಲಿ ತೆಗೆದ ‘ಬ್ರೋಕನ್ ಬ್ಲಾಸಮ್ಸ್’ ಎಂಬುದನ್ನು ನಾನು ಮೂರು ಸಲ ನೋಡಿರುವೆನು. ಈ ಗ್ರಿಫಿತ್ತನೇ ನಾಲ್ಕು ವರ್ಷಗಳ ಹಿಂದೆ ‘ದಿ ಬರ್ತ್ ಆಫ್ ಎ ನೇಷನ್’ ಎಂಬ ಚಿತ್ರದಲ್ಲಿ, ಕರಿಯನ ಕೈಗೆ ಸಿಕ್ಕುವುದಕ್ಕಿಂತ ಬೆಟ್ಟದ ತುದಿಯಿಂದ ಹಾರಿ ಸಾಯುವುದು ಮೇಲೆಂದು ಬಗೆದ ಬಿಳಿಯ ಹುಡುಗಿಯನ್ನು ತೋರಿಸಿ, ಅದಕ್ಕೆ ಸೇಡು ತೀರಿಸಿದ ಮುಸುಕುಧಾರಿ ಕೊಲೆಗಡುಕರನ್ನು ವೀರರೆಂದು ಹೊಗಳಿದವನು. ಅಂತಹವನ ಕೈಯಿಂದಲೇ ಇಷ್ಟು ಮೃದುವಾದ ಚಿತ್ರವು ಹೇಗೆ ಬಂದಿತೆಂಬುದನ್ನು ವಿವರಿಸುವ ಶಕ್ತಿಯು ಅಲಂಕಾರಶಾಸ್ತ್ರಕ್ಕೆ ಇಲ್ಲ.

ಚೆಂಗ್ ಹುವಾನ್ ಎಂಬ ಚೀಣೀ ಯುವಕನು ಬುದ್ಧಭಗವಂತನ ಶಾಂತಿಸಂದೇಶವನ್ನು ಕಡಲಾಚೆಯ ಬಿಳಿಯರಿಗೆ ಮುಟ್ಟಿಸಬೇಕೆಂದು ಹೊರಡುವನು. ಕೆಲವು ವರ್ಷಗಳ ಮೇಲೆ ನೋಡಿದರೆ ಲಂಡನ್ನಿನ ಲೈಮ್‌ಹೌಸ್ ಎಂಬ ಕೊಳಕು ಕೇರಿಯಲ್ಲಿ ಚಿಕ್ಕ ಅಂಗಡಿಯನ್ನು ಇಟ್ಟುಕೊಂಡು, ಅಫೀಮಿನ ಹೊಗೆಯಲ್ಲಿ ತನ್ನ ಭಗ್ನಸಂಕಲ್ಪವನ್ನು ಮರೆಯುತ್ತಿರುವನು. ಅದೇ ಕೇರಿಯಲ್ಲಿ ಲೂಸಿ ಎಂಬ ಹುಡುಗಿ. ಅವಳ ತಂದೆಯು ಮುಷ್ಟಿಕಾಳಗದ ಮಲ್ಲ, ಕುಡುಕ. ನಗು ಎಂದು ತಂದೆಯು ಗದರಿದರೆ ಅವಳಿಗೆ ನಗು ಬಾರದು. ಎರಡು ಬೆರಳುಗಳಿಂದ ತುಟಿಯ ಕೊನೆಗಳನ್ನು ಮೇಲಕ್ಕೆ ಎತ್ತಿ ಹಿಡಿದುಕೊಳ್ಳುವಳು. ಲಿಲಿಯನ್ ಗಿಷ್ ಎಂಬ ನಟಿಯ ಈ ಒಂದು ಚೇಷ್ಟೆಯಲ್ಲಿ ಆಂಗಿಕವೂ ಸಾತ್ತ್ವಿಕವೂ ಬೆರೆತಿರುವ ರೀತಿಯನ್ನು ಕಂಡಿದ್ದರೆ ನಮ್ಮ ಅಭಿನವಗುಪ್ತಾಚಾರ್ಯರು ಒಂದು ಅಧ್ಯಾಯವನ್ನೇ ಬರೆಯುತ್ತಿದ್ದರು. ಪೆಟ್ಟು ತಿಂದು ಅಂಗಡಿಯೊಳಕ್ಕೆ ಬಂದು ಬಿದ್ದವಳನ್ನು ಚೆಂಗನು ಮಾಳಿಗೆಗೆ ಒಯ್ದು, ರೇಷ್ಮೆಯನ್ನು ಹೊದಿಸಿ, ಗೊಂಬೆಯೊಂದನ್ನು ಕೈಗೆ ಕೊಡುವನು. ಒಮ್ಮೆ ಅವನ ಮುಖವು ಅವಳ ಮುಖದ ಹತ್ತಿರಕ್ಕೆ, ಇನ್ನೂ ಹತ್ತಿರಕ್ಕೆ ಬರುವುದು. ಅವಳ ಕಣ್ಣಿನಲ್ಲಿ ಭಯವು ಸುಳಿಯುವುದು. ಅವನು ತಡೆದು, ಅವಳ ಉಡುಪಿನ ತೋಳಿನ ಅಂಚನ್ನು ಮುದ್ದಿಟ್ಟು ಹಿಂದೆ ಸರಿಯುವನು. ಇವನ ಪ್ರೇಮವು ಪರಮಶತ್ರುವೂ ಒಪ್ಪತಕ್ಕಷ್ಟು ಪವಿತ್ರವಾದುದೆಂಬ ಅರ್ಥದ ಫಲಕವೊಂದು ಅಲ್ಲಿಯೂ ಓಡಿ ಬರುವುದು. ಯಾರನ್ನು ಸಮಾಧಾನಪಡಿಸಲು ಈ ಆತುರವೋ! ಮುಖವು ಹೇಳಿದುದನ್ನು ಕಂಡವರಿಗೆ ಪ್ರಮಾಣಪತ್ರವು ಬೇಕಿಲ್ಲ.

ಕಡೆಯಲ್ಲಿ ಮೂವರೂ ಸಾಯುವರು. ತಂದೆಯು ಮಗಳನ್ನು ಹೊಡೆದು ಕೊಲ್ಲುವನು. ಚೆಂಗನು ಅವನನ್ನು ಗುಂಡಿಕ್ಕಿ, ಹುಡುಗಿಯ ದೇಹವನ್ನು ತನ್ನ ಮಾಳಿಗೆಗೆ ತಂದು, ಬುದ್ಧನ ಮೂರ್ತಿಯ ಎದುರಿನಲ್ಲಿ ತಾನೂ ಇರಿದುಕೊಳ್ಳುವನು. ಮುತ್ತನ್ನೂ ಕೊಡದ ಪ್ರತಿಲೋಮಕ್ಕೆ ಎರಡು ಪ್ರಾಣಗಳ ಪ್ರಾಯಶ್ಚಿತ್ತ. ಇನ್ನೊಂದು ಮಾತು. ಚೆಂಗನಾಗಿ ನಟಿಸಿದ ರಿಚರ್ಡ್ ಬಾರ್ತೆಲ್ಮೆಸ್ಸನು ಬಿಳಿಯನೇ. ಕಣ್ಣುಗಳನ್ನು ಕಿರಿದುಮಾಡಿಕೊಂಡು ಚೀಣೀಯನಾಗಿರುವನು. ಅಂದರೆ ತೆರೆಯ ಮೇಲೆ ಒಬ್ಬ ಬಿಳಿಯನೇ ಬಿಳಿಯಳನ್ನು ಮುತ್ತಿಡದೆ ಹಿಂಜರಿಯುತ್ತಿರುವನು. ಆಹಾರ್ಯವೂ ಫಲಕದ ಪಕ್ಷವನ್ನು ವಹಿಸಿತೆಂದು ಇದರಿಂದ ತಿಳಿಯತಕ್ಕದ್ದು.

ಇನ್ನು ‘ದಿ ಟೋಲ್ ಆಫ್ ದಿ ಸೀ’, ಎಂದರೆ ಕಡಲಿನ ಸುಂಕ. ಇದು 1922ರದು. ಕೆಂಪು ಮತ್ತು ಹಸಿರು ಎಂಬ ಎರಡೇ ಬಣ್ಣಗಳಿಂದ ಪ್ರಪಂಚವನ್ನೆಲ್ಲ ಚಿತ್ರಿಸುವ ಒಂದು ವಿಧಾನವನ್ನು ಟೆಕ್ನಿಕಲರ್ ಎಂಬ ಸಂಸ್ಥೆಯವರು ಕಂಡುಹಿಡಿದು, ಅದನ್ನು ಪ್ರದರ್ಶಿಸುವುದಕ್ಕಾಗಿಯೇ ಈ ಚಿತ್ರವನ್ನು ತೆಗೆಸಿದರು. ನೀಲಿಯು ಆ ವಿಧಾನಕ್ಕೆ ಎಟುಕದ ಬಣ್ಣ. ಆದರೆ ಕೆನ್ನೆಯ ಕೆಂಪು ಏರುವುದೂ ಇಳಿಯುವುದೂ ಕಾಣುವುದರಿಂದ, ಮೂಕಚಿತ್ರಕ್ಕೆ ಇಲ್ಲವಾಗಿದ್ದ ವೈವರ್ಣ್ಯವೂ ಇಲ್ಲಿ ಬಂದುಸೇರಿತು. ಕಥೆಯು ಪುಚ್ಚೀನಿಯ ಸಂಗೀತನಾಟಕದಿಂದ ಪ್ರಸಿದ್ಧವಾದ ‘ಮದಾಮಾ ಬಟರ್‌ಫ್ಲೈ’ಯದೇ, ಜಪಾನಿನ ಹೆಣ್ಣು ಇಲ್ಲಿ ಚೀಣದವಳಾಗಿರುವಳು. ಊರನ್ನು ಬದಲಿಸಿದರೂ ಹೆಣ್ಣಿನ ಗತಿಯನ್ನು ಬದಲಿಸಬೇಕೆಂದು ಯಾರಿಗೂ ತೋಚಲಿಲ್ಲ.

ತಾವರೆಹೂ ಎಂಬ ಅರ್ಥದ ಹೆಸರುಳ್ಳ ಹುಡುಗಿಗೆ ಕಡಲತಡಿಯಲ್ಲಿ ಮೂರ್ಛಿತನಾಗಿ ತೇಲಿಬಂದ ಅಮೆರಿಕೆಯವನು ಸಿಕ್ಕುವನು. ಅವನ ಹೆಸರು ಅಲೆನ್. ಚೀಣದ ಪದ್ಧತಿಯಂತೆ ಮದುವೆಯಾಗುವುದು. ತನ್ನೊಡನೆ ಊರಿಗೆ ಕರೆದೊಯ್ಯುವೆನೆಂದು ಅವನು ಮಾತುಕೊಡುವನು. ನೆರೆಯ ಹೆಂಗಸರು ನಗುವರು. ಅವರಲ್ಲೊಬ್ಬಳು ಇಂತಹ ನಾಲ್ವರು ಗಂಡಂದಿರಿಂದ ಮರೆಯಲ್ಪಟ್ಟವಳು. ಅಲೆನ್ನನ ಸ್ನೇಹಿತರು ಅವನ ಕಿವಿಯಲ್ಲಿ ಹೇಳತಕ್ಕದ್ದನ್ನು ಹೇಳುವರು. ಅವನು ಒಬ್ಬನೇ ಹೊರಟುಹೋಗುವನು. ಮಗನು ಹುಟ್ಟುವನು. ವರ್ಷಗಳ ಮೇಲೆ ಅಲೆನ್ ಬರುವನೆಂಬ ವಾರ್ತೆಯನ್ನು ಕೇಳಿ ಅವಳು ಮದುವೆಯ ಉಡುಪನ್ನು ಧರಿಸಿ ಎದುರುಗೊಳ್ಳಲು ಹೋಗುವಳು. ಅವನ ಪಕ್ಕದಲ್ಲಿ ಅವನ ಬಿಳಿಯ ಹೆಂಡತಿಯು ನಿಂತಿರುವಳು.

ಶಾಕುಂತಲವನ್ನು ಬಾಲ್ಯದಿಂದ ಓದಿದವನಿಗೆ ಇಲ್ಲಿ ಎದೆಯು ಝಗ್ಗೆನ್ನದೆ ಇರದು. ಆದರೆ ಹೋಲಿಕೆಯನ್ನು ಎಚ್ಚರದಿಂದ ಮಾಡಬೇಕು. ಕಾಳಿದಾಸನು ತನ್ನ ನಾಯಕನ ಮರ್ಯಾದೆಯನ್ನು ಉಳಿಸುವುದಕ್ಕಾಗಿ ದುರ್ವಾಸರನ್ನು ಬಾಗಿಲಿಗೆ ಕರೆತಂದು ಶಾಪವನ್ನು ಕೊಡಿಸಿದನು. ಉಂಗುರವನ್ನು ನೀರಿಗೆ ಬೀಳಿಸಿದನು. ವ್ಯಾಸನ ದುಷ್ಯಂತನಿಗೆ ಶಾಪವೂ ಇಲ್ಲ, ಉಂಗುರವೂ ಇಲ್ಲ. ಅವನಿಗೆ ಎಲ್ಲವೂ ನೆನಪಿನಲ್ಲಿದೆ. ಲೋಕವು ಏನೆನ್ನುವುದೋ ಎಂಬ ಅಂಜಿಕೆಯಿಂದ ತುಂಬಿದ ಸಭೆಯಲ್ಲಿ ಗುರುತಿಲ್ಲವೆನ್ನುವನು. ಅಲೆನ್ನನು ವ್ಯಾಸನ ದುಷ್ಯಂತನೇ ಸರಿ. ವ್ಯಾಸನ ಶಕುಂತಲೆಯಾದರೋ ಅಂಜುವವಳಲ್ಲ. ಸಭೆಯ ನಡುವೆ ನಿಂತು ಸತ್ಯದ ಮಹಿಮೆಯನ್ನು ಅರಸನಿಗೇ ಬೋಧಿಸಿ, ನೀನಿಲ್ಲದೆಯೂ ನನ್ನ ಮಗನು ಭೂಮಿಯನ್ನು ಆಳುವನೆಂದು ಹೇಳಿ ಹೊರಡುವಳು. ಆಗ ಅಶರೀರವಾಣಿಯು ನುಡಿದು, ಅರಸನು ಒಪ್ಪಿಕೊಳ್ಳುವನು. ತಾವರೆಗೆ ಇಂತಹ ವಾಗ್ಮಿತೆಯನ್ನು ಯಾರೂ ಕೊಡಲಿಲ್ಲ, ಆಕಾಶವೂ ಮಾತನಾಡಲಿಲ್ಲ. ಮಗುವು ನೆರೆಮನೆಯ ಅಮೆರಿಕೆಯವರದೆಂದು ಮೊದಲು ಸುಳ್ಳು ಹೇಳುವಳು. ಬಳಿಕ ಆ ಬಿಳಿಯ ಹೆಂಡತಿಗೆ ಮಾತ್ರ ನಿಜವನ್ನು ತಿಳಿಸಿ, ಮಗನನ್ನು ಕರೆದೊಯ್ಯೆಂದು ಬೇಡುವಳು. ಆ ಹೆಂಡತಿಯು ದುಷ್ಟಳಲ್ಲ. ಗಂಡನು ಇಲ್ಲಿಗೆ ಬಂದು ನಿಜವನ್ನು ಹೇಳುವಂತೆ ಮಾಡಿದವಳೇ ಅವಳು.

ಆಮೇಲೆ ಬರುವ ದೃಶ್ಯವನ್ನು ಕುರಿತು ಬರೆಯುವುದು ಕಷ್ಟ. ಮಾರೀಚನ ಆಶ್ರಮದಲ್ಲಿ ಬಾಲಕ ಸರ್ವದಮನನು ಈ ಗಂಡಸು ಯಾರೆಂದು ತಾಯಿಯನ್ನು ಕೇಳುವುದುಂಟಷ್ಟೆ; ಅಲ್ಲಿ ಮಗುವಿನ ಪ್ರಶ್ನೆಯಿಂದ ಕುಟುಂಬವು ಕೂಡಿಕೊಳ್ಳುವುದು. ಇಲ್ಲಿ ತಾಯಿಯು ಮಗನ ಎದುರಿಗೆ ಮಂಡಿಯೂರಿ, ಅದೋ ಅವಳೇ ನಿನ್ನ ನಿಜವಾದ ತಾಯಿ, ನಾನು ಚೀಣದ ದಾದಿ ಮಾತ್ರ ಎಂದು ಹೇಳಿಕೊಡುವಳು. ಹೇಳಿಕೊಟ್ಟುದು ಫಲಕ. ಆ ಫಲಕದ ಹಿಂದೂ ಮುಂದೂ ಇರುವ ಮುಖವು ಆನಾ ಮೇ ವಾಂಗ್ ಎಂಬ ಹದಿನೇಳು ವರ್ಷದ ಹುಡುಗಿಯದು. ಕಣ್ಣೀರು ತುಂಬಿ ಹರಿಯುತ್ತಿರುವಾಗಲೂ ಮಗುವಿಗೆ ಸುಳ್ಳೆಂದು ತಿಳಿಯದ ಹಾಗೆ ಬಾಯಿಯು ಮುಗುಳ್ನಗುತ್ತಿರಬೇಕು, ಹಾಗೆಯೇ ನಗುತ್ತಿದೆ. ದಾದಿಯೆಂದು ಅಕ್ಷರವು ಹೇಳಿದರೆ ತಾಯಿಯೆಂದು ಮುಖವು ಹೇಳುವುದು. ನೂರು ವರ್ಷಗಳಾದ ಮೇಲೂ ನೋಡತಕ್ಕವನು ಮುಖವನ್ನೇ ನಂಬುವನು.

ಈ ಆನಾ ಮೇ ವಾಂಗ್ ಚೀಣದವಳೂ ಅಲ್ಲ. 1905ರಲ್ಲಿ ಲಾಸ್ ಏಂಜಲೀಸ್ ನಗರದಲ್ಲಿ ಬಟ್ಟೆ ಒಗೆಯುವ ಅಂಗಡಿಯವನ ಮಗಳಾಗಿ ಹುಟ್ಟಿದ ಅಮೆರಿಕೆಯವಳು. ಆದರೆ ಆಕೆಯ ಮುಖಕ್ಕೆ ಆ ದೇಶವು ಅಂಟಿಸಿದ್ದ ಫಲಕವು ಬೇರೆಯಾಗಿತ್ತು. ಚೀಣೀ ಕೂಲಿಕಾರರು ದೇಶದೊಳಕ್ಕ ಬಾರದಂತೆ 1882ರಲ್ಲಿ ಆದ ಕಾನೂನು 1943ರವರೆಗೂ ನಿಂತಿತ್ತು. ಪೌರತ್ವಕ್ಕೆ ಅನರ್ಹನಾದ ಪರದೇಶೀಯನನ್ನು ಮದುವೆಯಾದ ಅಮೆರಿಕೆಯ ಹೆಂಗಸು ತನ್ನ ಪೌರತ್ವವನ್ನೇ ಕಳೆದುಕೊಳ್ಳತಕ್ಕದ್ದೆಂದು ವಿಧಿಸಿದ ಕಾನೂನು ಈ ಚಿತ್ರವು ಹೊರಬಂದ 1922ರಲ್ಲಿಯೇ ಆಯಿತು. ಬಿಳಿಯರಿಗೂ ಚೀಣೀ ಕುಲದವರಿಗೂ ವಿವಾಹವು ಅಸಿಂಧುವೆಂಬ ಕ್ಯಾಲಿಫೋರ್ನಿಯದ ನಿಯಮವನ್ನು ಅಲ್ಲಿಯ ಉಚ್ಚ ನ್ಯಾಯಸ್ಥಾನವು 1948ರಲ್ಲಿ ತೊಡೆದುಹಾಕಿತು; ದೇಶಕ್ಕೆಲ್ಲ ಅನ್ವಯಿಸುವ ತೀರ್ಪು 1967ರಲ್ಲಿ ಬಂದಿತು. ಚಿತ್ರೋದ್ಯಮಿಗಳೂ 1927ರಲ್ಲಿ ತಮಗೆ ತಾವೇ ಒಂದು ನಿಷೇಧಪಟ್ಟಿಯನ್ನು ಮಾಡಿಕೊಂಡರು. ಬಿಳಿಯರಿಗೂ ಕರಿಯರಿಗೂ ದಾಂಪತ್ಯಸಂಬಂಧವನ್ನು ತೋರಿಸಕೂಡದೆಂಬುದು ಅದರಲ್ಲಿ ಸೇರಿತ್ತು. ಆನಾ ಮೇ ವಾಂಗ್ ಬೇಸತ್ತು ಯೂರೋಪಿಗೆ ಹೋಗಿ, 1929ರಲ್ಲಿ ಲಂಡನ್ನಿನ ‘ಪಿಕಡಿಲಿ’ ಎಂಬ ಚಿತ್ರದಲ್ಲಿ ಪಾತ್ರೆ ತೊಳೆಯುವ ಕೆಲಸದಿಂದ ನರ್ತಕಿಯ ಪದವಿಗೆ ಏರಿದಳು. ಅದರಲ್ಲಿಯೂ ಅವಳನ್ನು ಕೊಂದರು. ಆಕೆಯು ಮದುವೆಯಾಗಲಿಲ್ಲ, 1961ರಲ್ಲಿ ತೀರಿಕೊಂಡಳು.

ಇದೆಲ್ಲವನ್ನೂ ನಾನು ಬರಿಯ ಕಾಲಕ್ಷೇಪಕ್ಕಾಗಿ ನೋಡಿದವನಲ್ಲ. ನನ್ನ ತಂಗಿಯ ಮಗಳು ಏಳು ವರ್ಷಗಳಿಂದ ಅಮೆರಿಕೆಯಲ್ಲಿ ಇರುವಳು. ಬರುವ ವೈಶಾಖದಲ್ಲಿ ಆ ದೇಶದವನನ್ನೇ ಅವಳು ವರಿಸತಕ್ಕವಳು. ಈ ಚಿತ್ರಗಳ ಪಟ್ಟಿಯನ್ನು ನನಗೆ ಕಳುಹಿಸಿದವಳೂ ಅವಳೇ. ‘ಮಾವ, ನಿಮಗೆ ಬೇಸರವಾದಾಗ ನೋಡಿ’ ಎಂದಿಷ್ಟೇ ಬರೆದಿದ್ದಳು. ನಮ್ಮ ಮನೆತನದಲ್ಲಿ ಮೂವತ್ತು ವರ್ಷಗಳಿಂದ ಲಗ್ನಪತ್ರಿಕೆಗಳನ್ನು ರಚಿಸತಕ್ಕವನು ನಾನು. ಮದುವೆಯನ್ನು ಹಿರಿಯರು ಹೇಗೋ ಒಪ್ಪಿದರು. ಪತ್ರಿಕೆಯಲ್ಲಿ ಮಾತ್ರ ಹುಡುಗನಿಗೆ ನಮ್ಮ ಕಡೆಯ ಒಂದು ಹೆಸರನ್ನು ಇಟ್ಟು, ಕಾಶ್ಯಪಗೋತ್ರವೆಂದು ಹಾಕಬೇಕೆಂದು ದೊಡ್ಡಪ್ಪನ ಮಗನಾದ ನಮ್ಮಣ್ಣನ ಅಪ್ಪಣೆಯಾಯಿತು. ಗೋತ್ರವು ತಿಳಿಯದವನಿಗೆ ಕಾಶ್ಯಪವೆಂಬುದು ಸಂಪ್ರದಾಯದಲ್ಲಿ ಉಂಟು, ನಿಜ. ಅದು ಗೋತ್ರವನ್ನು ಮರೆತವನಿಗೆ ಹೇಳಿದ ಮಾತು. ಎಂದೂ ಇಲ್ಲದವನಿಗೆ ಹೇಳಿದುದಲ್ಲ. ಹುಡುಗನಿಗೆ ತನ್ನ ಅಜ್ಜನ ಅಜ್ಜನ ಹೆಸರೂ ಹುಟ್ಟಿದ ಹಳ್ಳಿಯೂ ಗೊತ್ತಿವೆ. ‘ಅಣ್ಣಯ್ಯ, ಒಂದು ಸಾಲು ತಾನೇ? ಬರೆದುಬಿಡು. ಯಾರಿಗೆ ಏನು ನಷ್ಟ?’ ಎಂದು ತಂಗಿಯು ಕಣ್ಣಿನಲ್ಲಿ ನೀರು ತಂದುಕೊಂಡು ಕೇಳಿದಳು.

ನಾನು ಅವಳಿಗೆ ಮೃಚ್ಛಕಟಿಕದ ಹತ್ತನೆಯ ಅಂಕವನ್ನು ಓದಿ ಹೇಳಿದೆನು. ಚಾರುದತ್ತನನ್ನು ಶೂಲಕ್ಕೆ ಏರಿಸುವುದು ತಪ್ಪಿ, ಹೊಸ ಅರಸನು ಪಟ್ಟಕ್ಕೆ ಬಂದ ಬಳಿಕ, ಗಣಿಕೆಯಾದ ವಸಂತಸೇನೆಯನ್ನು ಅರಸನು ವಧು ಎಂಬ ಶಬ್ದದಿಂದ ಅನುಗ್ರಹಿಸಿರುವನೆಂದು ತಿಳಿಸಿ, ಅವಳ ತಲೆಯ ಮೇಲೆ ಮುಸುಕನ್ನು ಎಳೆಯುವರು. ಅಲ್ಲಿಯೂ ಒಂದು ಶಬ್ದದಿಂದಲೇ ನಿಷಿದ್ಧವು ವಿಹಿತವಾಗುವುದು. ಆದರೆ ವಸಂತಸೇನೆಯು ಶೈಶವದಲ್ಲಿ ಕದ್ದೊಯ್ಯಲ್ಪಟ್ಟ ಶ್ರೇಷ್ಠಿಯ ಮಗಳೆಂದು ಕಥೆಯನ್ನು ಕಟ್ಟುವುದು ಶೂದ್ರಕನಿಗೆ ಎಷ್ಟರ ಕೆಲಸ? ಅವನು ಹಾಗೆ ಮಾಡಲಿಲ್ಲ. ಗಣಿಕೆಯನ್ನು ಗಣಿಕೆಯೆಂದು ಬಲ್ಲ ಊರೇ ಅವಳನ್ನು ವಧುವೆಂದು ಕರೆಯಿತು. ಈ ನಾಟಕವನ್ನೇ ಮೋಹನ ಭವನಾನಿಯವರು 1931ರಲ್ಲಿ ‘ವಸಂತಸೇನಾ’ ಎಂಬ ಮೂಕಚಿತ್ರವಾಗಿ ತೆಗೆದರು. ಏಣಾಕ್ಷಿ ರಾಮರಾವ್ ಅವರೊಡನೆ ನಮ್ಮ ಟಿ. ಪಿ. ಕೈಲಾಸಂ ಅವರೂ, ಮಂಗಳೂರಿನಲ್ಲಿ ಹುಟ್ಟಿದ ಕಮಲಾದೇವಿ ಚಟ್ಟೋಪಾಧ್ಯಾಯರೂ ಅದರಲ್ಲಿ ಅಭಿನಯಿಸಿದರು. ಕಮಲಾದೇವಿಯವರು ಬಾಲ್ಯದಲ್ಲಿಯೇ ವಿಧವೆಯಾಗಿ, ಅನಂತರ ವಂಗಕುಲದ ಹರೀಂದ್ರನಾಥರನ್ನು ವರಿಸಿದವರು. ಆ ಕಾಲದ ಕರಾವಳಿಯಲ್ಲಿ ಅದಕ್ಕೆ ಎಷ್ಟು ಧೈರ್ಯವು ಬೇಕಾಗಿದ್ದಿರಬೇಕು!

ತಂಗಿಯು ಎಲ್ಲವನ್ನೂ ಕೇಳಿ, ‘ನಿನಗೆ ನಾಟಕ, ನನಗೆ ನೆಂಟರು’ ಎಂದು ಎದ್ದುಹೋದಳು. ಅದಕ್ಕೆ ಉತ್ತರವು ನನ್ನಲ್ಲಿ ಇರಲಿಲ್ಲ. ಪತ್ರಿಕೆಯಲ್ಲಿ ಹುಡುಗನ ಹೆಸರನ್ನೂ ಅವನ ತಂದೆತಾಯಿಗಳ ಹೆಸರನ್ನೂ ಊರನ್ನೂ ಇದ್ದುದು ಇದ್ದಂತೆ ಕನ್ನಡ ಅಕ್ಷರಗಳಲ್ಲಿ ಬರೆದೆನು. ಗೋತ್ರದ ಸಾಲನ್ನು ಇಬ್ಬರಿಗೂ ಬಿಟ್ಟೆನು. ಅಣ್ಣನು ಮಂಟಪಕ್ಕೆ ಕಾಲಿಡುವುದಿಲ್ಲವೆಂದು ಹೇಳಿಕಳುಹಿಸಿರುವನು. ಅವನೊಡನೆ ಬರದೆ ಉಳಿಯತಕ್ಕವರು ಎರಡು ಮೂರು ಮನೆಯವರಾದರೂ ಇರುವರು. ತಂಗಿಯು ಅಕ್ಕಿಬೇಳೆಗಳ ಲೆಕ್ಕವನ್ನು ಹೊರತು ನನ್ನೊಡನೆ ಬೇರೆ ಮಾತನಾಡಳು. ಪತ್ರಿಕೆಯು ಅಚ್ಚುಕೂಟದಲ್ಲಿದೆ.

ಕಡಲಿನ ಸುಂಕದ ವಿಷಯವಾಗಿ ಒಂದು ಮಾತು ಉಳಿಯಿತು. ಆ ಚಿತ್ರವು ಬಹುಕಾಲ ಕಣ್ಮರೆಯಾಗಿದ್ದು, ಮೂಲ ಫಿಲ್ಮು ದೊರೆತಾಗ ಅದರ ಕೊನೆಯ ಭಾಗವು ಇರಲಿಲ್ಲ. ಮಗನನ್ನು ಕಳುಹಿಸಿಕೊಟ್ಟ ತಾವರೆಯು, ತನಗೆ ಗಂಡನನ್ನು ತಂದುಕೊಟ್ಟ ಕಡಲಿಗೆ ಸಾಲವನ್ನು ತೀರಿಸಲು ಹೋಗುವ ಭಾಗವದು. 1985ರಲ್ಲಿ ಕ್ಯಾಲಿಫೋರ್ನಿಯ ವಿಶ್ವವಿದ್ಯಾನಿಲಯದ ಚಿತ್ರಭಂಡಾರದವರು ಇದನ್ನು ಜೀರ್ಣೋದ್ಧಾರ ಮಾಡಿದಾಗ, ಹಳೆಯ ಎರಡು ಬಣ್ಣದ ಕ್ಯಾಮರಾವನ್ನು ಪೆಸಿಫಿಕ್ ಸಾಗರದ ತೀರಕ್ಕೆ ಒಯ್ದು, ಸೂರ್ಯಾಸ್ತದ ಕಡಲನ್ನು ಹೊಸದಾಗಿ ಚಿತ್ರಿಸಿ ಕೊನೆಗೆ ಸೇರಿಸಿದರು. ಈಗ ನೋಡತಕ್ಕವರಿಗೆ ಕಾಣುವುದು ಆ ಸೂರ್ಯ, ಆ ತೆರೆಗಳು, ಆನಾ ಮೇ ವಾಂಗ್ ತೀರಿಕೊಂಡು ಇಪ್ಪತ್ತನಾಲ್ಕು ವರ್ಷಗಳಾದ ಮೇಲಿನ ನೀರು. ತಾವರೆಯ ಕೊನೆಯ ಮುಖವು ಯಾರಿಗೂ ಕಾಣಸಿಗದು. ನನ್ನ ಸೋದರಸೊಸೆಯು ಇರುವ ಊರು ಆ ಕಡಲಿನ ದಡದಲ್ಲಿಯೇ ಇದೆ.